ದೇವರ ಮನೆಯ ಕ್ಯಾಮೆರಾ

ಶುಕ್ರವಾರ, ೧೪ ನವೆಂಬರ್ ೨೦೨೫. ಎಂವಿಪಿ ಕಾಲೋನಿ.

ಎರಡು ಸಲ ಜಪಕ್ಕೆ ಕೂತೆ, ಮನಸ್ಸು ನಿಲ್ಲಲಿಲ್ಲ. ಇವರಿಗೆ ಇಬ್ರಾಹಿಂಪಟ್ನಂ ಪವರ್ ಪ್ಲಾಂಟಿಗೆ ವರ್ಗವಾದಾಗ, ಬೆಳಗಿನ ಮಂಗಳಾರತಿ ಅಲ್ಲಿಂದಲೇ ನೋಡಬೇಕೆಂದು ದೇವರ ಮನೆಗೆ ಕ್ಯಾಮೆರಾ ಹಾಕಿಸಿದ್ದರು. ಆಯುಧಪೂಜೆಗೆ ನಾನು ಅದಕ್ಕೂ ಕುಂಕುಮ ಹಚ್ಚಿದೆ. ಪಾಸ್‌ವರ್ಡ್ ಬದಲಿಸಬೇಕೆಂದು ಮಾತ್ರ ಇಬ್ಬರಿಗೂ ಹೊಳೆಯಲಿಲ್ಲ.

ಇವತ್ತು ಮಗಳು ಅಪೂರ್ವಾ ನೋಡಿ ಬೈದಳು. "ಅಯ್ಯೋ ಅಮ್ಮಾ, ಡಬ್ಬಿ ಮೇಲಿದ್ದ ಪಾಸ್‌ವರ್ಡನ್ನೇ ಇಟ್ಟಿದ್ದೀರಲ್ಲ! ಇಂಟರ್ನೆಟ್ಟಲ್ಲಿ ಹುಡುಕಿದ್ರೆ ಯಾರ್ ಬೇಕಾದ್ರೂ ನಮ್ಮನೆ ನೋಡಬಹುದು."

ಒಂದು ವರ್ಷದಿಂದ ಒದ್ದೆ ಸೀರೆಯಲ್ಲೇ ಮಡಿಯಿಂದ ಪೂಜೆಗೆ ನಿಂತಿದ್ದೇನೆ. ಯಾರು ಯಾರು ನೋಡಿದರೋ. ಭಗವಂತಾ, ನಿನ್ನ ಮುಂದೆ ಇಲ್ಲದ ನಾಚಿಕೆ ಈಗ ಮೈಯೆಲ್ಲ ಹತ್ತಿಕೊಂಡಿದೆ.

ಅವಳು ಪಾಸ್‌ವರ್ಡ್ ಬದಲಿಸಿ, ಹೊರಗಿನವರಿಗೆ ಕಾಣದ ಹಾಗೆ ಮಾಡಿದಳು. ಆದರೂ ನಾನು ಕ್ಯಾಮೆರಾವನ್ನು ದೇವರ ಪಟದ ಕಡೆಗಷ್ಟೇ ತಿರುಗಿಸಿದೆ. ಸಂಜೆ ದೀಪ ಹಚ್ಚಿದ ಮೇಲೆ ಇವರ ಫೋನು ಬಂತು.

"ದೇವರು ಚೆನ್ನಾಗಿ ಕಾಣ್ತಾನೆ ಕಣೇ. ನೀನೇ ಕಾಣ್ತಿಲ್ವಲ್ಲ?"

"ಮಂಗಳಾರತಿ ನೋಡೋದಕ್ಕೆ ಅಲ್ವಾ ಹಾಕಿಸಿದ್ದು?" ಎಂದೆ.

ನಾಳೆ ಬೆಳಗ್ಗೆ ಕ್ಯಾಮೆರಾವನ್ನು ಎತ್ತ ತಿರುಗಿಸಲಿ ಎಂದು ಇನ್ನೂ ತೋಚುತ್ತಿಲ್ಲ.