ಆಮೇಲೆ ಆ ತಾಯಿ ಎಂತ ಮಾಡಬೇಕು

ದೇರೆಬೈಲ್, ಮಂಗಳೂರು
20 ಆಗಸ್ಟ್ 2024

ಪ್ರೀತಿಯ ಹಫ್ಸಾ,

ಸಲಾಂ. ಕಾಸರಗೋಡಿನಿಂದ ನಿನ್ನ ಕಾಗದ ಬಂದು ಬಹಳ ದಿನವಾಯಿತು. ಉತ್ತರ ತಡವಾಯಿತೆಂದು ಬೈಯಬೇಡ. ನಿನ್ನ ಕಿವಿ ಕೇಳಿಸುತ್ತಿದ್ದರೆ ಫೋನಿನಲ್ಲೇ ಹೇಳಿ ಮುಗಿಸುತ್ತಿದ್ದೆ. ಬರೆಯಲು ಕೂತರೆ ಯಾಕೋ ಕೈ ನಿಲ್ಲುತ್ತದೆ. ನಮ್ಮಲ್ಲಿ ಎಲ್ಲರೂ ಸೌಖ್ಯ. ಲ್ಯಾನ್ಸಿಯ ಸಕ್ಕರೆ ಕಾಯಿಲೆ ಹತೋಟಿಯಲ್ಲಿದೆ, ನಾಲಗೆ ಮಾತ್ರ ಇಲ್ಲ. ಬಂಗುಡೆ ಹುರಿದ ವಾಸನೆ ಬಂದರೆ ಡಾಕ್ಟರು ಹೇಳಿದ್ದೆಲ್ಲ ನನ್ನ ಗಂಡನಿಗೆ ಮರೆತುಹೋಗುತ್ತದೆ.

ನಮ್ಮ ಮಗಳು ಎಲೇನ್ ಈಗ ಏಳು ತಿಂಗಳ ಬಸುರಿ. ಆದರೂ ಕಾಲೇಜಿನಲ್ಲಿ ಸಿನಿಮಾ ಪಾಠ ಬಿಟ್ಟಿಲ್ಲ. ಶನಿವಾರ ಸಂಜೆ ಅಲ್ಲಿನ ಹಾಲ್‌ನಲ್ಲಿ ಬೇರೆ ಬೇರೆ ದೇಶದ ಸಿನಿಮಾ ತೋರಿಸಿ ಚರ್ಚೆ ನಡೆಸುತ್ತಾಳೆ. ಈ ಸಲ ಎಲ್ಲವೂ ತಾಯಿ-ಮಕ್ಕಳ ಕಥೆಗಳು. ಯಾರೂ ಕರೆಯದಿದ್ದರೂ ಹೋಗಿ ಹಿಂದಿನ ಸಾಲಿನಲ್ಲಿ ಕೂರುತ್ತೇನೆ. ಗಂಡನೊಡನೆ ಮನೆಗೆ ಬಂದಾಗ ಅವಳು ನನ್ನ ಹತ್ತಿರ ಮಾತಾಡುವುದು ಮಳೆ, ಮೀನು, ಅಪ್ಪನ ಮಾತ್ರೆ, ಅಷ್ಟೇ. ಅವಳ ಮನಸ್ಸಿನಲ್ಲಿ ಏನಿದೆ ಎಂದು ಕೇಳಲು ನನಗೆ ಬೇರೆ ಜಾಗವಿಲ್ಲ.

ಒಂದು ಸಿನಿಮಾದಲ್ಲಿ ಮುದುಕಿ ತಾಯಿ ಮಗನ ಮನೆಯ ಬಾಗಿಲು ತಟ್ಟಿ, ಅವನು ತೆರೆಯುವ ಮೊದಲೇ ಮೆಟ್ಟಿಲಿಳಿದು ಹೋಗುತ್ತಾಳೆ. ಇನ್ನೊಂದರಲ್ಲಿ ಮಗಳು ತಾಯಿಗೆ ಸ್ನಾನ ಮಾಡಿಸುತ್ತಲೇ ಬಾಯಿಗೆ ಬಂದಂತೆ ಬೈಯುತ್ತಾಳೆ. ನನಗೆ ಆ ತಾಯಿಯ ಮೇಲೆ ಹೊಟ್ಟೆಕಿಚ್ಚಾಯಿತು. ಎಲೇನ್ ನನ್ನನ್ನು ಒಂದು ದಿನವೂ ಬೈದವಳಲ್ಲ.

ಮೊನ್ನೆಯದು ಪರದೇಶಕ್ಕೆ ಮನೆಕೆಲಸಕ್ಕೆ ಹೋದ ಹೆಂಗಸಿನ ಕಥೆ. ವರ್ಷಗಳ ನಂತರ ಅವಳು ಊರಿಗೆ ಬಂದರೆ ಅವಳದೇ ಮಗು ಪಕ್ಕದ ಮನೆಯವಳ ಹಿಂದೆ ಅಡಗುತ್ತದೆ. ನಾನು ಕುವೈತಿನಿಂದ ಮೊದಲ ರಜೆಗೆ ಬಂದಾಗ ಎಲೇನ್ ಅವಳನ್ನು ಸಾಕುತ್ತಿದ್ದ ನನ್ನ ನಾದಿನಿ ಸೆವರಿನ್‌ಳ ಹಿಂದೆ ಹೀಗೇ ನಿಂತಿದ್ದಳು. ಅಲ್ಲಿನ ನಮ್ಮ ನರ್ಸ್ ಹಾಸ್ಟೆಲಿಗೆ ಮರಳಿದ ಮೇಲೆ ನಿನ್ನ ಹತ್ತಿರ ಹೇಳಿ ಅತ್ತಿದ್ದೆ. ಲ್ಯಾನ್ಸಿಯ ಕೆಲಸ ಹೋಗಿತ್ತು. ನರ್ಸ್ ಕೆಲಸ ಬಿಟ್ಟು ಬರುವುದು ಹೇಗೆ? ಅದನ್ನು ನಿನಗೆ ವಿವರಿಸಬೇಕಿಲ್ಲ.

ಸಿನಿಮಾ ಮುಗಿದ ಮೇಲೆ ಡೆರಿಲ್ ಎಂಬ ವಿದ್ಯಾರ್ಥಿ ಎದ್ದು, "ಸಂಬಳಕ್ಕೋಸ್ಕರ ಮಗುವನ್ನು ಬಿಟ್ಟು ಹೋಗುವವಳು ಎಂಥ ತಾಯಿ ಮ್ಯಾಮ್?" ಎಂದ.

ಎಲೇನ್ ಹೇಳಿದಳು: "ಅವಳದ್ದು ತಪ್ಪಿಲ್ಲ. ಮಗುವಿನದ್ದೂ ತಪ್ಪಿಲ್ಲ. ತಪ್ಪು ಅಂತ ಒಂದು ಇದ್ದಿದ್ರೆ ಕ್ಷಮೆ ಕೇಳಿಯಾದ್ರೂ ಮುಗಿಸ್ಬಹುದಿತ್ತು."

ಎಲ್ಲರೂ ಚಪ್ಪಾಳೆ ತಟ್ಟಿದರು. ನನಗೇ ಗೊತ್ತಿಲ್ಲದೆ ನನ್ನ ಕೈ ಮೇಲೆ ಹೋಗಿತ್ತು. "ಹಾಗಾದ್ರೆ ಆಮೇಲೆ ಆ ತಾಯಿ ಎಂತ ಮಾಡ್ಬೇಕು?" ಎಂದು ಕೇಳಿದೆ.

ಎಲೇನ್ ನನ್ನನ್ನೇ ನೋಡಿದಳು. "ಗೊತ್ತಿಲ್ಲ. ಸಿನಿಮಾ ಅಲ್ಲಿಗೇ ಮುಗೀತದೆ," ಎಂದಳು.

ಅವಳೇ ಕಾರಿನಲ್ಲಿ ಮನೆಗೆ ಬಿಟ್ಟಳು. ಬಿಜೈ ದಾಟಿದ ಮೇಲೆ ಧೈರ್ಯ ಮಾಡಿ, "ನಿನಗೆ ಎಲ್ಲ ಅರ್ಥ ಆಗ್ತದಲ್ಲ ಮಗಾ," ಎಂದೆ.

"ಅರ್ಥ ಆಗ್ತದೆ ಮಮ್ಮಿ. ಆದ್ರೆ ಒಳಗಿಂದ ಬರ್ಬೇಕಲ್ಲ. ನಾನು ತುಂಬಾ ಪ್ರಯತ್ನ ಮಾಡಿದ್ದೇನೆ."

ಸಿಟ್ಟಿನಲ್ಲಿ ಹೇಳಿದ್ದರೆ ಜಗಳವಾಡುತ್ತಿದ್ದೆ. ಅವಳ ಕಣ್ಣಲ್ಲಿ ನೀರಿತ್ತು. ಗೇಟಿನ ಹತ್ತಿರ ಇಳಿಸುವಾಗ, "ಮೆಟ್ಟಿಲು ಜಾರ್ತದೆ, ನೋಡಿ ಹೋಗಿ," ಎಂದಳು. ನಾವು ವಾರ್ಡಿನಲ್ಲಿ ರೋಗಿಗಳ ಹತ್ತಿರ ಮಾತಾಡುತ್ತಿದ್ದೆವಲ್ಲ, ಅದೇ ಸ್ವರ.

ನಿನ್ನ ಮೊಮ್ಮಕ್ಕಳಿಗೆ ನನ್ನ ಮುತ್ತು. ದೇವರು ನಿಮ್ಮೆಲ್ಲರನ್ನೂ ಒಂದೇ ಸೂರಿನಡಿ ಇಡಲಿ.

ನಿನ್ನ
ವಿನಿಫ್ರೆಡ್

ತಾ.ಕ.: ಎಲೇನ್‌ಳನ್ನು ಬಾಣಂತನಕ್ಕೆ ಯಾವಾಗ ಕರೆತರುತ್ತೀ ಎಂದು ನೀನು ಕಾಗದದಲ್ಲಿ ಕೇಳಿದ್ದೆ. ಅದಕ್ಕೆ ಉತ್ತರ ಬರೆಯಲಾಗದೆಯೇ ಇಷ್ಟು ತಡ. ಅವಳು ಶಕ್ತಿನಗರಕ್ಕೆ, ಸೆವರಿನ್ ಮನೆಗೆ ಹೋಗುತ್ತಾಳಂತೆ. ಆಸ್ಪತ್ರೆಯಲ್ಲಿ ಒಳಗೆ ನಿಲ್ಲುವುದೂ ಸೆವರಿನ್. "ಆಂಟಿ ಇದ್ರೆ ನಂಗೆ ಧೈರ್ಯ. ನಿಮಗೆ ಬೇಜಾರಿಲ್ಲ ಅಲ್ವಾ?" ಎಂದು ಕೇಳಿದಳು. ಇಲ್ಲ ಎಂದೆ. ನೋವು ಹೆಚ್ಚಾದಾಗ ಹೆಂಗಸರು ಯಾರನ್ನು ಕೂಗುತ್ತಾರೆಂದು ಹೆರಿಗೆ ವಾರ್ಡಿನಲ್ಲಿ ನಾವಿಬ್ಬರೂ ಎಷ್ಟು ಸಲ ಕೇಳಿದ್ದೇವೆ, ಹಫ್ಸಾ. ಎಲೇನ್ ಯಾರನ್ನು ಕೂಗುತ್ತಾಳೆಂದು ನನಗೆ ಗೊತ್ತು. ನಾನು ಹೊರಗೆ ಬೆಂಚಿನಲ್ಲಿ ಕೂತಿರುತ್ತೇನೆ.