ಮಹಡಿ ಮೆಟ್ಟಿಲಿನ ದಾವೆ

ಅಣ್ಣಾ,

ಮಹಡಿಯ ಮೆಟ್ಟಿಲು ನಿನ್ನೊಬ್ಬನದೇ ಎಂದು ನೀನು ನನ್ನ ಮೇಲೆ ಹಾಕಿದ್ದ ದಾವೆಯನ್ನು ಕೋರ್ಟು ಇವತ್ತು ಮುಕ್ತಾಯ ಮಾಡಿತು. ವಾದ ಮುಗಿಯುವ ಮೊದಲೇ ತೀರಿಹೋದ ನೀನು ಅದೆಂಥ ವಾದಿಯೋ! ನಿನ್ನ ಮಕ್ಕಳಂತೂ, "ಅಪ್ಪನ ಹಟ ಅಪ್ಪನ ಜೊತೆಗೇ ಹೋಯ್ತು, ನಮಗೆ ಬೇಡ ಚಿಕ್ಕಪ್ಪ" ಅಂದುಬಿಟ್ಟರು.

ಜವಾನ ಬಾಗಿಲಲ್ಲಿ ನಿಂತು ನಿನ್ನ ಹೆಸರನ್ನು ಮೂರು ಸಲ ಕೂಗಿದ. ನಿನ್ನ ಮಂದ ಕಿವಿಗೆ ಕೇಳಿಸದೆಂದು ಪ್ರತಿ ಸಲ ನಾನೇ ತಿವಿದು ಎಬ್ಬಿಸುತ್ತಿದ್ದೆನಲ್ಲ, ಅದೇ ಅಭ್ಯಾಸಕ್ಕೆ ಪಕ್ಕದ ಗಾಳಿಯನ್ನು ತಿವಿದು, ನಾನೇ ಎದ್ದು ನಿಂತೆ.

"ನೀವು ವಾದಿಯಾ?" ಎಂದರು ನ್ಯಾಯಾಧೀಶರು.

"ಅಲ್ಲ ಸ್ವಾಮಿ, ಪ್ರತಿವಾದಿ. ಅವನ ತಮ್ಮ."

"ಹಾಗಾದ್ರೆ ಕೂತ್ಕೊಳ್ಳಿ."

ವಾದಿಯ ಕಡೆಯವರು ಯಾರೂ ಇಲ್ಲವೆಂದು ಬರೆಸಿ ಕಡತ ಮುಚ್ಚಿಸಿದರು. ಯಾರೂ ಇಲ್ಲವಂತೆ! ಮತ್ತೆ ನಾನು ಎದ್ದು ನಿಂತಿದ್ದು ಯಾರ ಕಡೆಯಿಂದ?