ತಪಾಸಣೆಯ ದಿನ ಮನೆಯಲ್ಲಿರಬೇಕಾದ ಮಗು

ಶಾಲೆಗಳ ತಪಾಸಣೆಗೆ ಬರುವ ಮಾನ್ಯ ಶಿಕ್ಷಣಾಧಿಕಾರಿಗಳೇ,

ನೀವು ನಮ್ಮ ಶಾಲೆಗೆ ಬರುವ ದಿನ ನನ್ನ ಮಗಳು ಶಾಲೆಗೆ ಬರಬಾರದು. ಇದು ಯಾವ ಸುತ್ತೋಲೆಯಲ್ಲೂ ಇಲ್ಲದ, ಆದರೆ ತಪ್ಪದೆ ಪಾಲನೆಯಾಗುವ ನಿಯಮ. ನಿಮ್ಮ ಇಲಾಖೆಯ ಎಷ್ಟೋ ಆದೇಶಗಳು ಶಾಲೆಯ ಗೋಡೆಯ ಮೇಲೆ ಬಣ್ಣದಲ್ಲಿ ಬರೆಸಿಕೊಂಡೂ ಜಾರಿಯಾಗುವುದಿಲ್ಲ. ಇದೊಂದು ಎಲ್ಲೂ ಬರೆಯದೆಯೇ ಜಾರಿಯಲ್ಲಿದೆ. ಈಗ ಆ ಒಂದು ದಿನದ ರಜೆಯನ್ನು ಕಾಯಂ ಮಾಡುವ ಪ್ರಸ್ತಾವನೆ ಸೋಮವಾರ ನಿಮ್ಮ ಒಪ್ಪಿಗೆಗೆ ಬರುತ್ತದಂತೆ. ಅದಕ್ಕೆ ಮುಂಚೆ ನನ್ನ ಮಾತು ನಿಮಗೆ ತಲುಪಲಿ ಎಂದು ಪತ್ರಿಕೆಯ ಮೂಲಕ ಬರೆಯುತ್ತಿದ್ದೇನೆ. ಕಚೇರಿಗೂ ಬಂದಿದ್ದೆ. ನೀವು ಇರಲಿಲ್ಲ.

ನನ್ನ ಮಗಳ ಹೆಸರು ಶೀತಲ್. ಹನ್ನೊಂದು ವರ್ಷ. ಆಟಿಸಂ ಇದೆ. ಭದ್ರಾವತಿಯ ಒಂದು ಸರ್ಕಾರಿ ಹಿರಿಯ ಪ್ರಾಥಮಿಕ ಶಾಲೆಯಲ್ಲಿ ಐದನೇ ತರಗತಿ. ಮಾತು ಬಹಳ ಕಡಿಮೆ. ಜೋರು ಸದ್ದಾದರೆ ಕಿವಿ ಮುಚ್ಚಿಕೊಂಡು ಡೆಸ್ಕಿನ ಕೆಳಗೆ ಸೇರುತ್ತಾಳೆ. ದಿನದ ಕ್ರಮ ಬದಲಾದರೆ ಕಿರುಚುತ್ತಾಳೆ, ಕೆಲವೊಮ್ಮೆ ತನ್ನ ಕೈ ತಾನೇ ಕಚ್ಚಿಕೊಳ್ಳುತ್ತಾಳೆ. ಇದನ್ನೆಲ್ಲ ಮುಚ್ಚಿಟ್ಟು ನಿಮ್ಮ ಅನುಕಂಪ ಗಿಟ್ಟಿಸುವ ಇರಾದೆ ನನಗಿಲ್ಲ. ನಾನು ಇಂಗ್ಲಿಷ್ ಮಾಧ್ಯಮದಲ್ಲಿ ಓದಿದವಳು. ಮಗಳನ್ನೂ ಅಲ್ಲಿಗೇ ಸೇರಿಸಲು ಭದ್ರಾವತಿಯಿಂದ ಶಿವಮೊಗ್ಗದ ಕೋಟೆಯವರೆಗೆ ಅಲೆದವಳು. ಎಲ್ಲ ಕಡೆಯೂ ಒಳ್ಳೆಯ ಕಾಫಿ ಕೊಟ್ಟು, "ನಮ್ಮ ವಾತಾವರಣ ಮಗುವಿಗೆ ಒಗ್ಗಲಿಕ್ಕಿಲ್ಲ" ಎಂದು ಕಳಿಸಿದರು. ವಾತಾವರಣವನ್ನು ಸ್ವಲ್ಪ ಬದಲಿಸಬಹುದೇ ಎಂದು ಕೇಳಿದಾಗ ಇನ್ನೊಂದು ಕಾಫಿ ಬರಲಿಲ್ಲ. ಕೊನೆಗೆ ಬಾಗಿಲು ತೆರೆದದ್ದು ನಿಮ್ಮ ಶಾಲೆ. ಆ ಕೃತಜ್ಞತೆ ನನಗಿದೆ. ಇಷ್ಟು ವರ್ಷ ಬಾಯಿ ಮುಚ್ಚಿಕೊಂಡಿದ್ದಕ್ಕೆ ಅದೂ ಒಂದು ಕಾರಣವಿರಬೇಕು.

ನೀವು ಬರುವ ಸುದ್ದಿ ಶಾಲೆಗೆ ಹಿಂದಿನ ದಿನ ತಲುಪುತ್ತದೆ. ಅಂದು ಸಂಜೆ ಮುಖ್ಯ ಶಿಕ್ಷಕರಾದ ಗಂಗಾಧರಪ್ಪನವರು ನನಗೆ ಫೋನ್ ಮಾಡುತ್ತಾರೆ.

"ಮೇಡಂ, ಊಟ ಆಯ್ತಾ? ಏನಿಲ್ಲ, ನಾಳೆ ಸಾಹೇಬ್ರು ಬರ್ತಾ ಇದಾರೆ. ಗಲಾಟೆ ಇರುತ್ತೆ. ಪಾಪ, ಮಗೂಗೆ ಸುಮ್ನೆ ಹಿಂಸೆ. ಒಂದಿನ ಮನೇಲೇ ಇಟ್ಕೊಳಿ."

ಶಾಲೆಯ ವಾರ್ಷಿಕೋತ್ಸವದಲ್ಲಿ ಎರಡು ಆಳೆತ್ತರದ ಸ್ಪೀಕರ್ ಇಟ್ಟಾಗ ಮಗುವಿಗೆ ಹಿಂಸೆಯಾದೀತೆಂದು ಯಾರೂ ಫೋನ್ ಮಾಡಲಿಲ್ಲ. ತಮ್ಮ ಆಗಮನ ಅದಕ್ಕಿಂತ ಜೋರಿನದೇ, ಸ್ವಾಮಿ?

ಗಂಗಾಧರಪ್ಪನವರು ಕೆಟ್ಟವರಲ್ಲ. ಶೀತಲ್ ಮಧ್ಯಾಹ್ನ ಊಟ ಮಾಡದ ದಿನ ತಾವೇ ಅಂಗಡಿಯಿಂದ ಬಿಸ್ಕತ್ ತರಿಸಿಕೊಡುತ್ತಾರೆ. ಅವರು ಹಿಂದೆ ಇದ್ದ ಶಾಲೆಯಲ್ಲಿ ತಪಾಸಣೆಯ ಹೊತ್ತಿಗೆ ಒಂದು ಮಗು ಅಧಿಕಾರಿಯ ಪೆನ್ನು ಕಿತ್ತುಕೊಂಡು ಓಡಿತಂತೆ. ಶಾಲೆಯಲ್ಲಿ ಶಿಸ್ತಿಲ್ಲ ಎಂದು ಎಲ್ಲರೆದುರು ಬೈಸಿಕೊಂಡರಂತೆ. ಅಂದಿನಿಂದ ಅವರಿಗೆ ನಿಮ್ಮ ಜೀಪಿನ ಭಯ. ಪಕ್ಕದ ಶಾಲೆಗಳಲ್ಲೂ ಇದೇ ಪದ್ಧತಿ ಎಂದು ಶಿವಮೊಗ್ಗದ ಆಲ್ಕೊಳದ ಸ್ಪೀಚ್ ಥೆರಪಿ ಕೇಂದ್ರದ ಬೆಂಚಿನಲ್ಲಿ ಕೂತ ತಾಯಂದಿರು ಹೇಳುತ್ತಾರೆ. ಒಬ್ಬರಿಗೆ ಹೊಟ್ಟೆನೋವಿನ ನೆಪ, ಇನ್ನೊಬ್ಬರಿಗೆ ಅಜ್ಜಿ ಮನೆಯ ನೆಪ. ಹಾಗಾದರೆ ನೀವು ಜಿಲ್ಲೆಯುದ್ದಕ್ಕೂ ನೋಡುತ್ತಿರುವುದು ಏನನ್ನು? ಶಾಂತವಾದ ತರಗತಿಗಳನ್ನು. ಮೆಚ್ಚಿ ಬರೆಯುವುದು ಏನನ್ನು? ಶಿಸ್ತನ್ನು. ಆ ಶಾಂತಿಯನ್ನು ಹೇಗೆ ತಯಾರಿಸುತ್ತಾರೆಂದು ನಿಮಗೆ ಒಮ್ಮೆಯೂ ಕುತೂಹಲ ಹುಟ್ಟಲಿಲ್ಲವೇ?

ಈ ಸಲ ಲೆಕ್ಕ ತಪ್ಪಿತು. ನೀವು ಗುರುವಾರ ಬರುತ್ತೀರಿ ಎಂದು ಫೋನ್ ಬಂತು. ಗುರುವಾರ ಶೀತಲ್ ಮನೆಯಲ್ಲಿದ್ದಳು. ನೀವು ಬರಲಿಲ್ಲ. ಶುಕ್ರವಾರ ಎಂದಿನಂತೆ ಯೂನಿಫಾರಂ ಹಾಕಿಸಿ ಕರೆದುಕೊಂಡು ಹೋದೆ. ಗೇಟಿನ ಮುಂದೆ ಹಿಂದಿನ ದಿನದ ರಂಗೋಲಿಯ ಮೇಲೆ ಹೊಸ ರಂಗೋಲಿ ಬಿದ್ದಿತ್ತು. ಗಂಗಾಧರಪ್ಪನವರು ಓಡಿ ಬಂದರು.

"ಅಯ್ಯೋ ಮೇಡಂ, ಇವತ್ತು ಬರ್ತಾ ಇದಾರೆ! ಈಗಷ್ಟೇ ಗೊತ್ತಾಯ್ತು. ಜೀಪು ನ್ಯೂ ಟೌನ್ ದಾಟಿದೆ ಅಂತೆ."

"ವಾಪಸ್ ಕರ್ಕೊಂಡ್ ಹೋದ್ರೆ ಇಲ್ಲೇ ಕಿರುಚ್ತಾಳೆ ಸರ್. ನಿನ್ನೆ ಬೇರೆ ಸ್ಕೂಲ್ ಬಿಡ್ಸಿದೀನಿ."

"ಬೇಡ ಬೇಡ, ರಸ್ತೇಲಿ ಬೇಡ. ಒಂದರ್ಧ ಗಂಟೆ ಅಡುಗೆ ಕೋಣೇಲಿ ಕೂತ್ಕೊಳಿ. ಪುಷ್ಪಾನೂ ಅಲ್ಲೇ ಇದಾರೆ."

ಪುಷ್ಪಾ ನಾಲ್ಕನೇ ತರಗತಿಯ ಯುವರಾಜನ ತಾಯಿ. ಅವನಿಗೆ ಕಾಲಿನ ಸ್ವಾಧೀನವಿಲ್ಲ, ವೀಲ್‌ಚೇರ್ ಬೇಕು. ಬುದ್ಧಿ ಮಾತ್ರ ಚುರುಕು. ಕಿರುಚುವುದಿಲ್ಲ, ಕಚ್ಚುವುದಿಲ್ಲ. ಅವನನ್ನೇಕೆ ಅಡಗಿಸಬೇಕು ಎಂದು ಪುಷ್ಪಾಳನ್ನು ಕೇಳಿದೆ.

"ರ‍್ಯಾಂಪ್ ಮೇಲೆ ಅಕ್ಕಿ ಮೂಟೆ ಇಟ್ಟವ್ರಲ್ಲ ಅಕ್ಕ," ಎಂದಳು ಪುಷ್ಪಾ. "ಇವ್ನು ಇದ್ರೆ ಸಾಹೇಬ್ರು 'ಹತ್ಸಿ ನೋಡೋಣ' ಅಂದ್ಬಿಟ್ರೆ? ಮೂಟೆಗೆ ಜಾಗ ಐತೆ, ನನ್ ಮಗಂಗೆ ಇಲ್ಲ."

ಅಡುಗೆಯ ಹಾಲಮ್ಮ ಬೇಳೆ ತೊಳೆಯುತ್ತ, "ನಿಧಾನ ಮಾತಾಡ್ರಮ್ಮ, ಗೋಡೆ ಆಚೆಗೇ ಐದನೇ ಕ್ಲಾಸು" ಎಂದು ಎಚ್ಚರಿಸಿದರು. ಆ ಗೋಡೆಗೊಂದು ಸಣ್ಣ ಕಿಟಕಿಯಿದೆ. ಅದರಾಚೆ ನೀವು ಒಳಗೆ ಬಂದದ್ದು, ಮಕ್ಕಳೆಲ್ಲ ಒಟ್ಟಿಗೆ ಎದ್ದು ನಮಸ್ಕಾರ ಹೇಳಿದ್ದು, ಕುರ್ಚಿ ಎಳೆದದ್ದು ನಮಗೆ ಕೇಳಿಸಿತು. ಶೀತಲ್ ಸುಮ್ಮನೆ ಕೂತಿದ್ದಳು. ನಾನು ಅವಳ ಬೆನ್ನ ಮೇಲೆ ಕೈಯಿಟ್ಟಿದ್ದೆ. ಯಾವ ಗಳಿಗೆಯಲ್ಲಿ ಏನಾಗುತ್ತದೋ ಎಂದು ಕಾಯುತ್ತಿದ್ದೆ. ಅಷ್ಟರಲ್ಲಿ ನೀವು, "ಹಾಜರಿ ಕೂಗಿ ಟೀಚರ್, ನೋಡೋಣ" ಎಂದಿರಿ.

ಸುಭದ್ರಮ್ಮ ಟೀಚರ್ ಒಂದೊಂದೇ ಹೆಸರು ಕೂಗಿದರು. ಶೀತಲ್‌ಳ ಹೆಸರು ಬಂದಾಗ, "ಶೀತಲ್... ಹುಷಾರಿಲ್ಲ ಸರ್, ಬಂದಿಲ್ಲ" ಎಂದರು.

"ಎಸ್ ಮಿಸ್!"

ಅಡುಗೆ ಕೋಣೆಯಿಂದ ಅಷ್ಟು ಸ್ಪಷ್ಟವಾಗಿ, ಅಷ್ಟು ಜೋರಾಗಿ ಕೂಗಿದವಳು ನನ್ನ ಮಗಳು. ಹೆಸರು ಹಿಡಿದು ಕರೆದರೆ ತಿರುಗಿ ನೋಡಲಿ ಎಂದು ಎಷ್ಟು ವರ್ಷ ಥೆರಪಿ ಕೊಡಿಸಿದ್ದೇವೆ ಎಂಬುದು ನಿಮಗೆ ಗೊತ್ತಿರಲಾರದು. ಅಲ್ಲಿ ಬಾರದ್ದು ಇಲ್ಲಿ ಬಂತು. ಮೂವತ್ತು ಚಿಲ್ಲರೆ ಮಕ್ಕಳು ದಿನವೂ ಉತ್ತರ ಕೊಡುವುದನ್ನು ಕೇಳಿ ಕೇಳಿ, ಕಳೆದ ವರ್ಷ ತಾನಾಗಿಯೇ ಕಲಿತ ಮಾತದು. ಅದನ್ನು ನಾನು ಮನೆಯಲ್ಲಿ ಕಲಿಸಲು ಸಾಧ್ಯವಿರಲಿಲ್ಲ. ನಮ್ಮ ಮನೆಯಲ್ಲಿ ಹಾಜರಿ ಕೂಗುವುದಿಲ್ಲ.

"ಯಾರದು?" ಎಂದು ಕೇಳಿದಿರಿ ನೀವು. ನೆನಪಿದೆಯೇ?

"ಅಡುಗೆಯವರ ಮಗು ಸರ್," ಎಂದರು ಗಂಗಾಧರಪ್ಪನವರು.

ಒಬ್ಬ ಹುಡುಗಿ, "ಅಲ್ಲ ಸರ್, ಅದು ನಮ್..." ಎಂದು ಶುರು ಮಾಡಿದಳು. ಆಮೇಲೆ ಅವಳ ಧ್ವನಿ ಕೇಳಲಿಲ್ಲ. ಯಾರು ಕಣ್ಣು ಬಿಟ್ಟರೋ ನನಗೆ ಕಾಣಲಿಲ್ಲ. ನೀವು ನಕ್ಕಿರಿ. "ಪರವಾಗಿಲ್ವೇ, ಅಡುಗೆ ಮನೇಲೂ ಡಿಸಿಪ್ಲಿನ್ ಇದೆಯಲ್ರೀ!" ತರಗತಿಯೂ ನಿಮ್ಮೊಡನೆ ನಕ್ಕಿತು.

ಇತ್ತ ಹಾಲಮ್ಮ ಸೆರಗು ಬಾಯಿಗೆ ಒತ್ತಿಕೊಂಡರು. "ನನ್ ಮಗು ಅಂತೆ! ಮೊಮ್ಮಗಳ ಮದ್ವೆ ಮಾಡೋ ವಯಸ್ನಲ್ಲಿ ನಂಗೆ ಮಗು ಮಾಡಿ ಇಟ್ಬಿಟ್ರಲ್ಲ ಮಾರಾಯ್ತಿ!" ನಾವು ಮೂವರೂ ನಕ್ಕೆವು. ಆ ನಗು ನನಗೆ ಈಗಲೂ ಅರ್ಥವಾಗುವುದಿಲ್ಲ. ಶೀತಲ್ ಮಾತ್ರ ನಗಲಿಲ್ಲ. ದಿನವೂ ಅವಳು ಎಸ್ ಮಿಸ್ ಎಂದ ಮೇಲೆ ಟೀಚರ್ "ಗುಡ್" ಎನ್ನುತ್ತಾರೆ. ಆ ಗುಡ್ ಬಾರದ್ದರಿಂದ ಅವಳು ಮತ್ತೆ ಹೇಳಿದಳು. ಮತ್ತೆ ಹೇಳಿದಳು. ಆಚೆ ನೀವು ಮಗ್ಗಿ ಕೇಳಲು ತೊಡಗಿದ್ದಿರಿ. ಇವಳು ಕಿಟಕಿಯ ಕಡೆ ಮುಖ ಮಾಡಿ, ಧ್ವನಿ ತಗ್ಗಿಸುತ್ತ ಹೋಗಿ, ಕೊನೆಗೆ ತುಟಿ ಮಾತ್ರ ಆಡಿಸುತ್ತಿದ್ದಳು.

"ಇದೀನಿ ಅಂತ ಹೇಳ್ತಾನೇ ಅವ್ಳೆ," ಎಂದಳು ಪುಷ್ಪಾ. "ಇವ್ರ ಕಿವಿಗೆ ಏನಾಗೈತೆ?"

ಮಾನ್ಯರೇ, ಆ ದಿನ ಆ ತರಗತಿಯ ಮಕ್ಕಳು ಏನು ಕಲಿತರು ಎಂಬುದನ್ನು ನೀವು ವರದಿಯಲ್ಲಿ ಬರೆದಿರಲಾರಿರಿ. ದಿನವೂ ತಟ್ಟೆ ಹಿಡಿದು ತಮ್ಮ ಸಾಲಿನಲ್ಲಿ ನಿಲ್ಲುವ ಹುಡುಗಿಯನ್ನು ದೊಡ್ಡವರು ಬಂದಾಗ ಇಲ್ಲ ಎಂದುಬಿಡಬಹುದು, ಹಾಗೆ ಹೇಳಿದರೆ ದೊಡ್ಡವರು ಸಂತೋಷಪಡುತ್ತಾರೆ ಎಂದು ಕಲಿತರು. ಮಗ್ಗಿ ಮರೆತುಹೋಗಬಹುದು. ಈ ಪಾಠ ಮರೆಯುತ್ತದೆಯೇ?

ಇಷ್ಟಾದ ಮೇಲೆ ಗಂಗಾಧರಪ್ಪನವರು ಗಾಬರಿಯಾದರು. ಮರುವಾರವೇ ಕರೆಸಿ, "ಗೃಹಾಧಾರಿತ ಶಿಕ್ಷಣಕ್ಕೆ ಹಾಕ್ಬಿಡೋಣ ಮೇಡಂ. ಹೆಸರು ಇಲ್ಲೇ ಇರುತ್ತೆ, ಎಲ್ಲೂ ಹೋಗಲ್ಲ. ಮನೆಗೇ ಟೀಚರ್ ಬಂದು ಹೇಳ್ಕೊಡ್ತಾರೆ. ನಿಮ್ಗೂ ಓಡಾಟ ತಪ್ಪುತ್ತೆ" ಎಂದರು. ಪುಷ್ಪಾಳಿಗೂ ಅದನ್ನೇ ಹೇಳಿ, ನಾವು ಒಪ್ಪದಿದ್ದರೂ ಇಬ್ಬರು ಮಕ್ಕಳ ಪ್ರಸ್ತಾವನೆಯನ್ನೂ ನಿಮಗೆ ಕಳಿಸಿದ್ದಾರೆ. ಅವಳು ಹೋಟೆಲೊಂದರ ಅಡುಗೆ ಮನೆಯಲ್ಲಿ ದುಡಿಯುವವಳು. ಮಗ ಮನೆಯಲ್ಲಿ ಉಳಿದರೆ ಅವಳ ಕೆಲಸವೂ ಉಳಿಯುವುದಿಲ್ಲ. ಹಾಸಿಗೆ ಬಿಟ್ಟು ಏಳಲಾಗದ ಮಕ್ಕಳೂ ಕಲಿಕೆಯಿಂದ ದೂರವಾಗಬಾರದೆಂದು ಮಾಡಿದ ವ್ಯವಸ್ಥೆ ಅದು. ದಿನವೂ ನಡೆದುಕೊಂಡು ಶಾಲೆಗೆ ಬರುವ ಹುಡುಗಿಯನ್ನು ಅದರೊಳಗೆ ಹಾಕಿದರೆ ಅದರ ಹೆಸರು ಶಿಕ್ಷಣವೋ, ಗೃಹಬಂಧನವೋ? ಹೆಸರು ಶಾಲೆಯಲ್ಲಿ, ಮಗು ಮನೆಯಲ್ಲಿ. ನಿಮ್ಮ ಅಂಕಿಅಂಶಕ್ಕೆ ಏನೂ ಕುಂದಿಲ್ಲ, ತಪಾಸಣೆಗೂ ತೊಡಕಿಲ್ಲ. ಎಲ್ಲರಿಗೂ ಅನುಕೂಲವಾದ ಈ ಏರ್ಪಾಡಿನಲ್ಲಿ ಒಬ್ಬಳಿಗೆ ಮಾತ್ರ ದಿನದ ಗಂಟೆ ಇಲ್ಲ, ಸಾಲು ಇಲ್ಲ, ಗೆಳತಿಯರಿಲ್ಲ.

ನಾನು ನನ್ನನ್ನೇ ಕೇಳಿಕೊಂಡಿದ್ದೇನೆ. ಒಬ್ಬ ಶಿಕ್ಷಕಿ, ಇಷ್ಟೊಂದು ಮಕ್ಕಳು. ನನ್ನ ಮಗಳು ಕಿರುಚಿದಾಗ ಉಳಿದವರ ಪಾಠ ನಿಲ್ಲುತ್ತದೆ. ಅವರ ತಾಯಂದಿರು ಗೊಣಗಿದರೆ ತಪ್ಪೇ? ಅವರ ಜಾಗದಲ್ಲಿ ನಾನಿದ್ದರೆ ಗೊಣಗುತ್ತಿರಲಿಲ್ಲವೇ? ಬಹುಶಃ ಗೊಣಗುತ್ತಿದ್ದೆ. ಆದರೆ ಆ ಗೊಣಗಾಟಕ್ಕೆ ಉತ್ತರ ಇನ್ನೊಬ್ಬ ಸಹಾಯಕಿ, ವಾರಕ್ಕೆ ಕೆಲವು ದಿನವಾದರೂ ಬರುವ ತರಬೇತಿ ಪಡೆದ ವಿಶೇಷ ಶಿಕ್ಷಕಿ, ಮೂಲೆಯಲ್ಲೊಂದು ಸದ್ದಿಲ್ಲದ ಜಾಗ. ಇವು ಬೇಕೆಂದು ನಿಮಗೆ ಗೊತ್ತಾಗುವುದಾದರೂ ಹೇಗೆ? ಬೇಕಾದವರೆಲ್ಲ ನೀವು ಬರುವ ದಿನ ರಜೆಯಲ್ಲಿರುತ್ತಾರೆ.

ಇದನ್ನೆಲ್ಲ ಮುಖತಾ ಹೇಳಲೆಂದೇ ಪುಷ್ಪಾಳ ಜೊತೆ ಬಸ್ಸು ಹಿಡಿದು ಶಿವಮೊಗ್ಗದ ನಿಮ್ಮ ಕಚೇರಿಗೆ ಬಂದೆ. ಬಾಗಿಲಲ್ಲಿದ್ದವರು ಮೊದಲು ಅವಳನ್ನು ತಡೆದು, "ಏನಮ್ಮ, ಯಾರು ಬೇಕು, ಆಚೆ ನಿಂತ್ಕೊ" ಎಂದರು. ನಾನು ಇಂಗ್ಲಿಷಿನಲ್ಲಿ ಎರಡು ವಾಕ್ಯ ಆಡಿದೆ. ಕೂಡಲೇ ಕುರ್ಚಿ ಬಂತು. ಒಂದೇ ಕುರ್ಚಿ.

"ಕೂತ್ಕೊ ಅಕ್ಕ," ಎಂದಳು ಪುಷ್ಪಾ. "ನಿನ್ ಇಂಗ್ಲಿಷ್‌ಗೆ ಸಿಕ್ಕಿದ್ದು. ನಂಗೆ ಬರೋದು ಕನ್ನಡ, ತಮಿಳು ಎರಡೇ. ಎರಡಕ್ಕೂ ಗೋಡೇನೇ ಗತಿ."

ನಾನೂ ಗೋಡೆಗೆ ಒರಗಿ ನಿಂತೆ. ಕುರ್ಚಿ ಖಾಲಿಯಿತ್ತು. ಬಹಳ ಹೊತ್ತಾದ ಮೇಲೆ ಯಾರೋ ಬಂದು, "ಸಾಹೇಬ್ರು ಇಲ್ಲ, ಸ್ಕೂಲ್ ವಿಸಿಟ್‌ಗೆ ಹೋಗಿದಾರೆ" ಎಂದರು. ಯಾವ ಊರಿನ ಯಾವ ಮಗುವಿಗೆ ಅಂದು ಹೊಟ್ಟೆನೋವು ಬಂದಿತ್ತೋ ಎಂದು ಯೋಚಿಸುತ್ತ ಹಿಂದಿರುಗಿದೆವು.

ಈಗ ನನ್ನ ಬೇಡಿಕೆ. ಆ ಪ್ರಸ್ತಾವನೆಯನ್ನು ತಿರಸ್ಕರಿಸಿ. ಶೀತಲ್ ಮತ್ತು ಯುವರಾಜ ತಮ್ಮ ತರಗತಿಗಳಲ್ಲೇ ಕಲಿಯಲಿ. ಅವರಿಗೆ ಬೇಕಾದ ಶಿಕ್ಷಕಿಯನ್ನು ಕಳಿಸಿ. ಗಂಗಾಧರಪ್ಪನವರಿಗೆ ನೋಟಿಸ್ ಕೊಟ್ಟು ಕೈ ತೊಳೆದುಕೊಳ್ಳಬೇಡಿ. ಅವರ ಭಯ ನೀವು ಕಲಿಸಿದ್ದು, ಅದನ್ನು ಬಿಡಿಸಬೇಕಾದವರೂ ನೀವೇ. ಯಾವ ಶಾಲೆಯಲ್ಲಿ ಮಗು ಕಿರುಚಿತೋ ಆ ಶಾಲೆಗೆ ನಿಮ್ಮ ವರದಿಯಲ್ಲಿ ಅಂಕ ಕಡಿಮೆಯಾಗುವುದಿಲ್ಲ ಎಂದು ಬರಹದಲ್ಲಿ ತಿಳಿಸಿ. ಅಷ್ಟಾದರೆ ಮುಂದಿನದನ್ನು ಟೀಚರುಗಳು ನೋಡಿಕೊಳ್ಳುತ್ತಾರೆ ಎಂದು ನನ್ನ ನಂಬಿಕೆ.

ನೀವು ಸಹಿ ಹಾಕಿಬಿಟ್ಟರೆ ನಾನೇನು ಮಾಡುತ್ತೇನೆ ಎಂದು ಮನೆಯವರು ಕೇಳಿದರು. ಜಗಳ ನನ್ನ ಸ್ವಭಾವವಲ್ಲ. ಆದರೂ ಹೇಳಿಬಿಡುತ್ತೇನೆ: ಸಹಿ ಬಿದ್ದರೂ ಬೀಳದಿದ್ದರೂ ಸೋಮವಾರ ಬೆಳಿಗ್ಗೆ ಅವಳಿಗೆ ಯೂನಿಫಾರಂ ಹಾಕಿಸುತ್ತೇನೆ, ಎರಡು ಜಡೆ ಹಾಕುತ್ತೇನೆ, ಶಾಲೆಗೆ ಕರೆದುಕೊಂಡು ಹೋಗುತ್ತೇನೆ. ಪುಷ್ಪಾ ಯುವರಾಜನನ್ನು ತಳ್ಳಿಕೊಂಡು ಬರುತ್ತಾಳೆ. ಒಳಗೆ ಬಿಡದಿದ್ದರೆ ಗೇಟಿನ ಹೊರಗೆ ಕೂರುತ್ತೇವೆ. ಶೀತಲ್ ಕಿರುಚುತ್ತಾಳೆ, ಅದು ಖಚಿತ. ಈ ಸಲ ನಾನು ಅವಳನ್ನು ಸುಮ್ಮನಾಗಿಸುವುದಿಲ್ಲ.

ಇಂತಿ,
ಸೋಮವಾರದ ಬಗ್ಗೆ ನಿಮಗಿಂತ ಹೆಚ್ಚು ಹೆದರಿರುವ,
ಆದರೂ ಬರಲಿರುವ,
ಸಂಧ್ಯಾ
ಭದ್ರಾವತಿ